ಬೆರಕೆ ಮಾತಿನ ಬೇರುಗಳು: ಹರವೆ ಸೀಮೆಯ ಪದಗಳು, ಯಿಡಿಷ್ ಮತ್ತು ಪಾಟ್ವಾ

ಪೀಠಿಕೆ

ಹರವೆ ಚಾಮರಾಜನಗರ ತಾಲ್ಲೂಕಿನ ಒಂದು ಹೋಬಳಿ ಕೇಂದ್ರ. ಅದಕ್ಕೆ ನೆರೆಯಾಗಿರುವ ಗುಂಡ್ಲುಪೇಟೆಯಿಂದ ಒಂದು ಹೆದ್ದಾರಿ ಬಂಡೀಪುರದ ಕಾಡನ್ನು ಹಾಯ್ದು ಉದಕಮಂಡಲಕ್ಕೂ, ಇನ್ನೊಂದು ವಯನಾಡಿಗೂ ಹೋಗುತ್ತದೆ. ಪೂರ್ವದಲ್ಲಿ ಬಿಳಿಗಿರಿರಂಗನ ಬೆಟ್ಟವಿದೆ. ಅದರಾಚೆಯ ಕೊಳ್ಳೇಗಾಲ 1956ರ ನವೆಂಬರ್ 1ರಂದು ಮೈಸೂರು ರಾಜ್ಯಕ್ಕೆ ಸೇರುವವರೆಗೂ ಕೊಯಮತ್ತೂರು ಜಿಲ್ಲೆಯ ಭಾಗವಾಗಿತ್ತು. 1997ರಲ್ಲಿ ರಚನೆಯಾದ ಚಾಮರಾಜನಗರ ಜಿಲ್ಲೆಯ ಗಡಿಗೆ ತಮಿಳುನಾಡು ಮತ್ತು ಕೇರಳ ಎರಡೂ ತಾಗಿಕೊಂಡಿವೆ. ಹೀಗೆ ಹಲವು ಮಾತುಗಳು ಕೂಡುವ ಎಡೆಯಲ್ಲಿ ಬೆಳೆದ ಕನ್ನಡವನ್ನು ಹೊರಗಿನವರು ‘ಒರಟು’ ಎಂದೋ ‘ಬೆರಕೆ’ ಎಂದೋ ಕರೆಯುವುದುಂಟು. ಆಡುವವರೂ ಕ್ರಮೇಣ ಅದನ್ನೇ ನಂಬಿ, ಪಟ್ಟಣಕ್ಕೆ ಬಂದಾಗ ನಾಲಗೆಯನ್ನು ತಿದ್ದಿಕೊಳ್ಳುತ್ತಾರೆ.

ಇಂಥ ಆರೋಪವನ್ನು ಹೊತ್ತ ಮಾತುಗಳು ಪ್ರಪಂಚದಲ್ಲಿ ಇನ್ನೂ ಇವೆ. ಯುರೋಪಿನ ಯಹೂದಿಗಳ ಯಿಡಿಷ್ ಹಾಗೂ ಜಮೈಕಾ ದ್ವೀಪದ ಪಾಟ್ವಾ ಅವುಗಳಲ್ಲಿ ಪ್ರಸಿದ್ಧವಾದುವು. ಹರವೆ ಸೀಮೆಯಲ್ಲಿ ಬಳಕೆಯಲ್ಲಿರುವ ಕೆಲವು ಪದಗಳ ಅರ್ಥ ಮತ್ತು ಮೂಲಗಳನ್ನು ಈ ಎರಡು ಭಾಷೆಗಳ ಪದಗಳೊಡನೆ ಇಟ್ಟು ನೋಡುವುದು, ‘ಬೆರಕೆ’ ಎಂಬ ಮಾತಿನ ಹಿಂದೆ ಏನಿದೆ ಎಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಬೆರಕೆಯ ಚರ್ಚೆ ನಮ್ಮಲ್ಲಿ ಹೊಸದಲ್ಲ

ಕನ್ನಡದ ಕವಿಗಳೂ ವೈಯಾಕರಣರೂ ಬೆರಕೆಯ ವಿಚಾರವನ್ನು ಬಹು ಹಿಂದೆಯೇ ಎತ್ತಿದ್ದಾರೆ. ಹನ್ನೆರಡನೆಯ ಶತಮಾನದ ಆರಂಭದಲ್ಲಿ ‘ಧರ್ಮಾಮೃತ’ವನ್ನು ರಚಿಸಿದ ನಯಸೇನನು ಕನ್ನಡದಲ್ಲಿ ಸಂಸ್ಕೃತವನ್ನು ತುರುಕುವುದನ್ನು ತುಪ್ಪಕ್ಕೆ ಎಣ್ಣೆ ಬೆರಸುವುದಕ್ಕೆ ಹೋಲಿಸಿದನು. ಹದಿಮೂರನೆಯ ಶತಮಾನದ ಕೇಶಿರಾಜನು ‘ಶಬ್ದಮಣಿದರ್ಪಣ’ದಲ್ಲಿ ಸಂಸ್ಕೃತ ಪದಕ್ಕೆ ಕನ್ನಡ ಪದವನ್ನು ಸಮಾಸ ಮಾಡುವುದನ್ನು ಅರಿಸಮಾಸವೆಂದು ನಿಷೇಧಿಸಿದನು, ಆದರೆ ಬಿರುದುಗಳಲ್ಲಿಯೂ ಪೂರ್ವಕವಿಗಳ ಪ್ರಯೋಗಗಳಲ್ಲಿಯೂ ಬಂದುದನ್ನು ಒಪ್ಪಿಕೊಂಡನು. ಇಲ್ಲಿ ಗಮನಿಸಬೇಕಾದ ಅಂಶವೆಂದರೆ, ಬೆರಕೆಯನ್ನು ನಿಷೇಧಿಸುವ ಸೂತ್ರದೊಳಗೇ ಬಳಕೆಗೆ ಮಣಿಯುವ ಅವಕಾಶವೂ ಸೇರಿದೆ ಎಂಬುದು.

ಆದರೆ ನಯಸೇನ, ಕೇಶಿರಾಜರ ಚರ್ಚೆ ಕಾವ್ಯಭಾಷೆಯನ್ನು ಕುರಿತದ್ದು. ರೂಢಿಯ ಮಾತಿಗೆ ‘ಬೆರಕೆ’ ಎಂಬ ಹೆಸರು ಬೀಳುವಾಗ ಕಾರಣ ಬೇರೆಯೇ ಇರುತ್ತದೆ.

ದಾಯಾದಿ ಪದ ಮತ್ತು ಎರವಲು ಪದ

ಪದಮೂಲವನ್ನು ಹುಡುಕುವವರು ಮೊದಲು ಬೇರ್ಪಡಿಸಬೇಕಾದದ್ದು ದಾಯಾದಿ ಪದಗಳನ್ನೂ ಎರವಲು ಪದಗಳನ್ನೂ. ಗಡಿನಾಡಿನ ಕನ್ನಡದಲ್ಲಿ ತಮಿಳಿನಂತೆ ಕೇಳುವ ಪದವೆಲ್ಲ ತಮಿಳಿನಿಂದ ಬಂದದ್ದಲ್ಲ. ‘ಕೀರೆ’ ಎಂಬುದನ್ನು ನೋಡಬಹುದು. ತಮಿಳಿನ ‘ಕೀರೈ’ ಯಾವುದೇ ಸೊಪ್ಪಿಗೆ ಸಲ್ಲುತ್ತದೆ. ಕನ್ನಡದ ‘ಕೀರೆ’ ಒಂದು ಬಗೆಯ ಸೊಪ್ಪಿಗೆ ಮಾತ್ರ. ಒಂದೇ ಮನೆಯ ಆಸ್ತಿ ಎರಡು ಪಾಲಾದಂತೆ ಇದು. ಇಲ್ಲಿ ಕೊಟ್ಟವರೂ ಇಲ್ಲ, ಪಡೆದವರೂ ಇಲ್ಲ.

ಉಚ್ಚಾರಣೆಯ ವಿಷಯದಲ್ಲಿಯೂ ಇದೇ ಎಚ್ಚರ ಬೇಕು. ಹಳಗನ್ನಡದ ‘ಪಾಲ್’ ನಡುಗನ್ನಡದ ಹೊತ್ತಿಗೆ ‘ಹಾಲು’ ಆಯಿತು. ಚಾಮರಾಜನಗರದ ಹಳ್ಳಿಗಳಲ್ಲಿ ಅದು ‘ಆಲು’. ಪಕಾರ ಹಕಾರವಾದದ್ದನ್ನು ಭಾಷೆಯ ವಿಕಾಸವೆಂದು ಪಾಠ ಹೇಳುವ ನಾವು, ಅದೇ ಹಕಾರ ಬಿದ್ದುಹೋದಾಗ ಅಶುದ್ಧಿ ಎನ್ನುತ್ತೇವೆ. ವಾಸ್ತವವಾಗಿ ಎರಡೂ ಒಂದೇ ನಡಿಗೆಯ ಎರಡು ಹೆಜ್ಜೆಗಳು. ‘ತಲೆ’, ‘ಮನೆ’ ಎಂಬಲ್ಲಿ ಈ ಸೀಮೆಯವರು ‘ತಲ’, ‘ಮನ’ ಎನ್ನುತ್ತಾರೆ. ತಮಿಳಿನಲ್ಲಿ ‘ತಲೈ’ ಆಗಿರುವುದು ಮಲಯಾಳದಲ್ಲಿಯೂ ತೆಲುಗಿನಲ್ಲಿಯೂ ‘ತಲ’ವೇ ಆಗಿದೆ. ಮೂಲದ್ರಾವಿಡದ ಪದಾಂತ್ಯವು ಶಿಷ್ಟಕನ್ನಡದಲ್ಲಿ ಎಕಾರವಾಗಿಯೂ ಈ ಸೀಮೆಯಲ್ಲಿ ಅಕಾರವಾಗಿಯೂ ನಿಂತಿದೆ. ಒಂದು ಪದದಲ್ಲಿ ಕಂಡದ್ದು ಅಂಥ ಎಲ್ಲ ಪದಗಳಲ್ಲಿಯೂ ಕ್ರಮವಾಗಿ ಕಾಣುವುದರಿಂದ ಇದನ್ನು ತಪ್ಪೆನ್ನಲಾಗದು, ನಿಯಮವೆಂದೇ ಹೇಳಬೇಕು.

ಆಡಳಿತ, ಕಸುಬು, ಅಡುಗೆಮನೆ

ಇನ್ನು ನಿಜವಾದ ಎರವಲುಗಳನ್ನು ನೋಡೋಣ. ‘ತಾಲ್ಲೂಕು ಆಫೀಸಿನಲ್ಲಿ ಅರ್ಜಿ ಕೊಟ್ಟು ಜಮೀನಿನ ನಕಲು ತೆಗೆದುಕೊಂಡು ಬಂದೆ’ ಎಂದು ರೈತನೊಬ್ಬ ಹೇಳಿದನೆನ್ನೋಣ. ‘ತಾಲ್ಲೂಕು’ ಅರಬ್ಬಿಯ ‘ತಅಲ್ಲುಕ್’, ಅಂದರೆ ಸಂಬಂಧ. ‘ಅರ್ಜಿ’ಯ ಮೂಲವಾದ ‘ಅರ್ಜ್’ ಎಂದರೆ ಮುಂದಿಡುವುದು. ‘ನಕಲು’ ಕೂಡ ಅರಬ್ಬಿ, ‘ಜಮೀನು’ ಪಾರಸಿ, ‘ಆಫೀಸು’ ಇಂಗ್ಲಿಷು. ಆದರೆ ಕೊಡುವುದು, ತೆಗೆಯುವುದು, ಬರುವುದು ಕನ್ನಡದವು. ವಿಭಕ್ತಿ ಪ್ರತ್ಯಯಗಳೂ ಕನ್ನಡದವು. ನಾಮಪದಗಳೆಲ್ಲ ಹೊರಗಿನಿಂದ ಬಂದಿದ್ದರೂ ವಾಕ್ಯದ ಅಸ್ಥಿಪಂಜರ ಅಲುಗಿಲ್ಲ. ಈ ನಾಮಪದಗಳು ಸೇರಿದ್ದು ಭೂಮಿಯ ಲೆಕ್ಕ ಇಡುವವರ ಭಾಷೆ ಬದಲಾದಾಗ. ಅದಕ್ಕೂ ಹಿಂದಿನ ಆಡಳಿತದ ಪದರವೊಂದು ಶಾಸನಗಳಲ್ಲಿದೆ: ಅಲ್ಲಿಯ ‘ಗಾವುಂಡ’ ಗೌಡನಾಗಿ, ‘ಸೇನಬೋವ’ ಶಾನುಭೋಗನಾಗಿ ಉಳಿದರು. ವಂಶಪಾರಂಪರ್ಯ ಗ್ರಾಮಾಧಿಕಾರವನ್ನು ರದ್ದುಪಡಿಸಿದ 1961ರ ಕಾಯ್ದೆಯ ಬಳಿಕ ಹುದ್ದೆಗಳು ಹೋದರೂ ಪದಗಳು ಹೋಗಲಿಲ್ಲ.

ಕಸುಬಿನ ಪದಗಳಿಗೆ ಈ ಜಿಲ್ಲೆಯ ರೇಷ್ಮೆ ಬೇಸಾಯ ಒಳ್ಳೆಯ ಉದಾಹರಣೆ. ‘ರೇಷ್ಮೆ’ ಪಾರಸಿಯ ‘ರೇಶಮ್’. ‘ಬೇಸಾಯ’ ಸಂಸ್ಕೃತದ ‘ವ್ಯವಸಾಯ’ದ ತದ್ಭವ. ಹುಳು ಪೊರೆ ಕಳಚುವ ಹಂತವನ್ನು ರೈತರು ‘ಜ್ವರ’ ಎನ್ನುತ್ತಾರೆ. ಹಣ್ಣಾದ ಹುಳುವನ್ನು ಬಿಡುವ ತಟ್ಟೆ ‘ಚಂದ್ರಿಕೆ’. ಇವೆರಡೂ ಸಂಸ್ಕೃತವಾದರೂ ಈ ಅರ್ಥಗಳು ಸಂಸ್ಕೃತದವಲ್ಲ, ಸಾಕಣೆಯ ಮನೆಯಲ್ಲಿ ಹುಟ್ಟಿದವು. ‘ಹುಳು’, ‘ಗೂಡು’ ಅಚ್ಚಗನ್ನಡ. ಪದದ ಮೂಲ ಒಂದು ಕಡೆ ಇದ್ದರೂ ಅರ್ಥದ ಮೂಲ ಇನ್ನೊಂದು ಕಡೆ ಇರಬಹುದೆಂಬುದನ್ನು ಈ ಪದಗಳು ಸ್ಪಷ್ಟಪಡಿಸುತ್ತವೆ.

ಅಡುಗೆಮನೆಯ ಪದಗಳು ಇನ್ನೂ ದೂರದಿಂದ ಬಂದವು. ‘ಪರಂಗಿ ಹಣ್ಣಿ’ನ ಪರಂಗಿ ಎಂದರೆ ಫರಂಗಿ. ಯುರೋಪಿನ ಫ್ರಾಂಕ್ ಜನರ ಹೆಸರು ಅರಬ್ಬಿ, ಪಾರಸಿಗಳ ಮೂಲಕ ಹಾಯ್ದು ಕನ್ನಡದಲ್ಲಿ ಅಮೆರಿಕದ ಒಂದು ಹಣ್ಣಿನ ಮೇಲೆ ಕುಳಿತಿದೆ. ಸಂಸ್ಕೃತದಲ್ಲಿ ಎಲ್ಲೆ ಎಂಬ ಅರ್ಥವಿದ್ದ ‘ಸೀಮೆ’, ಕಡಲಾಚೆಯದು ಎಂಬ ಅರ್ಥ ತಾಳಿ ಸೀಮೆಎಣ್ಣೆ, ಸೀಮೆಬದನೆ, ಸೀಮೆಸುಣ್ಣಗಳನ್ನು ಕೊಟ್ಟಿತು. ಕೇಶಿರಾಜನ ದೃಷ್ಟಿಯಲ್ಲಿ ಇವುಗಳಲ್ಲಿ ಕೆಲವು ಅರಿಸಮಾಸಗಳೇ. ಆದರೂ ಸೀಮೆಎಣ್ಣೆಗೆ ಬೇರೆ ಹೆಸರನ್ನು ಕನ್ನಡಿಗರು ಹುಡುಕಲಿಲ್ಲ.

ಯಿಡಿಷ್: ಒಂದು ಮನೆಯ ನಾಲ್ಕು ಬಾಗಿಲು

ಹೀಗೆ ಪದರಗಳಾಗಿ ಬೆಳೆದ ಶಬ್ದಸಂಪತ್ತಿಗೆ ಯಿಡಿಷ್ ಅತ್ಯಂತ ಸ್ಪಷ್ಟವಾದ ನಿದರ್ಶನ. ಸುಮಾರು ಒಂದು ಸಾವಿರ ವರ್ಷಗಳ ಹಿಂದೆ ಜರ್ಮನ್ ನಾಡುಗಳಲ್ಲಿ ನೆಲೆಸಿದ ಯಹೂದಿಗಳಲ್ಲಿ ಇದು ರೂಪುಗೊಂಡಿತು. ಇದರ ವಾಕ್ಯರಚನೆ ಜರ್ಮನ್ ಮೂಲದ್ದು, ಲಿಪಿ ಹೀಬ್ರೂ. ಪೂರ್ವಕ್ಕೆ ಸರಿದ ಮೇಲೆ ಸ್ಲಾವಿಕ್ ಪದಗಳೂ ಸೇರಿದವು. ಅಜ್ಜನಿಗೆ ‘ಜೇಯ್ಡೆ’ ಎಂಬ ಸ್ಲಾವಿಕ್ ಪದ. ಊಟದ ಬಳಿಕ ಸ್ತುತಿ ಹೇಳುವುದಕ್ಕೆ ಲ್ಯಾಟಿನ್ ಮೂಲದ ‘ಬೆಂಚ್’ ಧಾತು. ಎಳೆಯುವುದಕ್ಕೆ ಜರ್ಮನ್ ಮೂಲದ ‘ಶ್ಲೆಪ್’. ಎದೆಗಾರಿಕೆ ಮೀರಿದ ಭಂಡತನಕ್ಕೆ ಹೀಬ್ರೂವಿನ ‘ಖುಟ್ಸ್ಪೆ’. ತಾಯ್ನುಡಿಗೆ ಅವರು ಹೇಳುವ ‘ಮಾಮೆ ಲೋಶ್ನ್’ ಎಂಬುದರಲ್ಲಿಯೇ ‘ಲೋಶ್ನ್’ ಹೀಬ್ರೂ, ‘ಮಾಮೆ’ ಹೀಬ್ರೂ ಅಲ್ಲ. ನಮ್ಮ ಪರಿಭಾಷೆಯಲ್ಲಿ ಹೇಳುವುದಾದರೆ ತಾಯ್ನುಡಿಯ ಹೆಸರೇ ಒಂದು ಅರಿಸಮಾಸ.

ಇಲ್ಲಿ ಬೆರಕೆ ಅರ್ಥವನ್ನು ಕೆಡಿಸದೆ ಹರಿತಗೊಳಿಸಿದೆ. ಯಿಡಿಷ್‌ನಲ್ಲಿ ಪುಸ್ತಕಕ್ಕೆ ಎರಡು ಪದಗಳಿವೆ. ಹೀಬ್ರೂವಿನ ‘ಸೇಫರ್’ ಧರ್ಮಗ್ರಂಥಕ್ಕೆ, ಜರ್ಮನ್ ಮೂಲದ ‘ಬುಖ್’ ಇತರ ಪುಸ್ತಕಗಳಿಗೆ. ಇಷ್ಟಾದರೂ ಹತ್ತೊಂಬತ್ತನೆಯ ಶತಮಾನದ ವಿದ್ಯಾವಂತರು ಇದನ್ನು ‘ಜಾರ್ಗನ್’ ಎಂದು ಹಳಿದರು. ಎರಡನೆಯ ಮಹಾಯುದ್ಧದ ಮೊದಲು ಸುಮಾರು ಒಂದು ಕೋಟಿ ಜನ ಆಡುತ್ತಿದ್ದ ಈ ಭಾಷೆ ನಾಜಿಗಳ ನರಮೇಧದಲ್ಲಿ ತನ್ನ ಜನರಲ್ಲಿ ಬಹುಭಾಗವನ್ನು ಕಳೆದುಕೊಂಡಿತು. ಯಿಡಿಷ್‌ನಲ್ಲಿಯೇ ಬರೆಯುತ್ತಿದ್ದ ಐಸಾಕ್ ಬಶೇವಿಸ್ ಸಿಂಗರ್ ಅವರಿಗೆ 1978ರಲ್ಲಿ ನೊಬೆಲ್ ಪ್ರಶಸ್ತಿ ದೊರೆತಾಗ ‘ಜಾರ್ಗನ್’ ಎಂದವರಿಗೆ ಉತ್ತರ ಸಿಕ್ಕಿತು; ಆದರೆ ಅದನ್ನು ಓದಬೇಕಾಗಿದ್ದ ಜನರಲ್ಲಿ ಬಹುಪಾಲು ಆಗ ಉಳಿದಿರಲಿಲ್ಲ.

ಪಾಟ್ವಾ: ಹರವೆ ಸೊಪ್ಪಿನ ಇನ್ನೊಂದು ಹೆಸರು

‘ಪಾಟ್ವಾ’ ಎಂಬುದು ಫ್ರೆಂಚರು ಹಳ್ಳಿಗರ ಮಾತಿಗೆ ಇಟ್ಟ ಹೆಸರು. ಅದೇ ಹೆಸರು ಜಮೈಕಾದ ಜನರ ಮಾತಿಗೂ ನಿಂತಿತು. 1655ರಲ್ಲಿ ಇಂಗ್ಲಿಷರು ಆ ದ್ವೀಪವನ್ನು ಸ್ಪೇನಿನಿಂದ ವಶಪಡಿಸಿಕೊಂಡು, ಆಫ್ರಿಕದಿಂದ ಗುಲಾಮರನ್ನು ತಂದು ಕಬ್ಬಿನ ತೋಟಗಳಲ್ಲಿ ದುಡಿಸಿದರು. ಬೇರೆಬೇರೆ ಭಾಷೆಗಳ ಆ ಜನ ಧಣಿಗಳ ಇಂಗ್ಲಿಷ್ ಪದಗಳನ್ನು ತೆಗೆದುಕೊಂಡು ತಮ್ಮದೇ ವ್ಯಾಕರಣವನ್ನು ಕಟ್ಟಿಕೊಂಡರು. ‘ನೀವು’ ಎಂಬರ್ಥದ ‘ಉನು’ ಇಗ್ಬೊ ಭಾಷೆಯದು. ಮಗುವಿಗೆ ಹೇಳುವ ‘ಪಿಕ್ನಿ’ ಪುಟ್ಟದು ಎಂಬರ್ಥದ ಪೋರ್ಚುಗೀಸ್ ಪದದಿಂದ ಬಂದದ್ದು. ತಿನ್ನುವುದಕ್ಕೆ ‘ನ್ಯಾಮ್’ ಎಂಬ ಪಶ್ಚಿಮ ಆಫ್ರಿಕದ ಪದ. ನಮ್ಮ ದಂಟು, ಹರವೆಗಳ ಜಾತಿಗೇ ಸೇರಿದ ಸೊಪ್ಪನ್ನು ಅಲ್ಲಿ ‘ಕಲಲೂ’ ಎಂದು ಬೇಯಿಸಿ ಉಣ್ಣುತ್ತಾರೆ. ಇನ್ನೊಂದು ಪದ ಭಾರತದಿಂದಲೇ ಹೋದದ್ದು: ಗುಲಾಮಗಿರಿ ರದ್ದಾದ ಮೇಲೆ, 1845ರಿಂದ, ಕರಾರಿನ ಕೂಲಿಗಳಾಗಿ ಹೋದ ಭಾರತೀಯರೊಡನೆ ‘ಗಾಂಜಾ’ ಎಂಬ ಪದ ಜಮೈಕಾ ಸೇರಿ ಅಲ್ಲಿಯದೇ ಆಯಿತು.

ಹರವೆ ಎಂಬ ಊರಿನ ಹೆಸರನ್ನು ಹರವೆ ಸೊಪ್ಪಿನೊಡನೆ ಜೋಡಿಸಲು ಯಾರಿಗೂ ಮನಸ್ಸಾಗುತ್ತದೆ. ಆದರೆ ದನಿಯ ಹೋಲಿಕೆಯೊಂದೇ ಆಧಾರವಾಗಲಾರದು; ಹಳೆಯ ರೂಪ, ದನಿಬದಲಾವಣೆಯ ನಿಯಮ, ಅರ್ಥದ ಹಾದಿ ಮೂರೂ ಕೂಡಿಬಂದಾಗ ಮಾತ್ರ ನಿರುಕ್ತಿ ನಿಲ್ಲುತ್ತದೆ.

ಪದದ ಮರ್ಯಾದೆ

ಪಾಟ್ವಾದಲ್ಲಿ ‘ನ್ಯಾಮ್’ ಒರಟು ಪದವೆಂದು ಎಣಿಸಲ್ಪಟ್ಟಿದೆ. ನಮ್ಮಲ್ಲಿ ‘ಕೂಳು’ ಅಚ್ಚಗನ್ನಡ ಪದ. ಹಿಂದೆ ಊಟಕ್ಕೆ ಗೌರವದಿಂದಲೇ ಸಲ್ಲುತ್ತಿತ್ತು. ಸಂಸ್ಕೃತದ ‘ಅನ್ನ’ ಎಲೆಯ ಮೇಲೆ ಬಂದಂತೆ ‘ಕೂಳು’ ಬೈಗುಳದ ಕಡೆಗೆ ಜಾರಿತು. ಬಹುಕಾಲ ರಾಗಿ ಹಿಟ್ಟನ್ನು ಉಂಡು, ಅನ್ನವನ್ನು ಹಬ್ಬಕ್ಕೆ ಕಂಡ ಸೀಮೆಯಲ್ಲಿ ಈ ಪದಗಳ ಏರಿಳಿತ ಯಾರ ಮನೆಯಲ್ಲಿ ಏನು ಬೇಯುತ್ತಿತ್ತು ಎಂಬುದರ ಲೆಕ್ಕವೂ ಹೌದು. ‘ನ್ಯಾಮ್’ ಕೆಳಗಿಳಿದದ್ದು ಅದು ಗುಲಾಮರ ಪದವಾದ್ದರಿಂದ. ‘ಕೂಳು’ ಕೆಳಗಿಳಿದದ್ದು ಅದು ಬಡವರ ತಟ್ಟೆಯಲ್ಲಿ ಉಳಿದದ್ದರಿಂದ.

ಇದಕ್ಕೆ ವಿರುದ್ಧವಾದ ನಿದರ್ಶನವೂ ಉಂಟು. ‘ರೈತ’ ಪದದ ಮೂಲ ಅರಬ್ಬಿಯ ‘ರಈಯತ್’. ಕಾಯಲ್ಪಡುವ ಮಂದೆ, ಆಳಲ್ಪಡುವ ಪ್ರಜೆ ಎಂದು ಅದರ ಅರ್ಥ. ಅದೇ ಪದವನ್ನು ಹೆಸರಿನಲ್ಲಿಟ್ಟುಕೊಂಡು 1980ರಲ್ಲಿ ಕರ್ನಾಟಕ ರಾಜ್ಯ ರೈತ ಸಂಘ ಹುಟ್ಟಿತು; ಮಂದೆಯ ಪದ ಹಸಿರು ಶಾಲಿನ ಜನರ ಸ್ವಾಭಿಮಾನದ ಪದವಾಯಿತು. ಆದ್ದರಿಂದ ಪದದ ಮರ್ಯಾದೆ ಅದರ ಮೂಲದಿಂದ ಬರುವುದಿಲ್ಲ, ಅದನ್ನು ಆಡುವವರ ಸ್ಥಾನದಿಂದ ಬರುತ್ತದೆ. ನಂಜನಗೂಡು–ಚಾಮರಾಜನಗರ ಸೀಮೆಯ ಆಡುಮಾತಿನಲ್ಲಿ ದೇವನೂರ ಮಹಾದೇವ ಅವರು ಬರೆದ ‘ಕುಸುಮಬಾಲೆ’ಯನ್ನು ಕನ್ನಡಕ್ಕೆ ಅನುವಾದಿಸಬೇಕೆಂಬ ಹಾಸ್ಯದ ಮಾತು ಒಂದು ಕಾಲಕ್ಕೆ ಕೇಳಿಬಂದಿತ್ತು. ಆ ಕೃತಿಗೆ 1990ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದ ಮೇಲೆ ಮಾತು ಬದಲಾಗಿರಲಿಲ್ಲ, ಕೇಳುವವರು ಬದಲಾಗಿದ್ದರು.

ಪದ ಹೋದರೆ ಹೋಗುವುದೇನು

ಬಿಳಿಗಿರಿರಂಗನ ಬೆಟ್ಟದ ಸೋಲಿಗರ ನುಡಿ ಕನ್ನಡಕ್ಕೆ ಅತಿ ಹತ್ತಿರದ್ದು. ಅವರ ಹಾಡಿಗಳಿಗೆ ‘ಪೋಡು’ ಎಂದು ಹೆಸರು. ಅವುಗಳಲ್ಲಿ ಒಂದು ‘ಬಂಗ್ಲೆ ಪೋಡು’: ಬಂಗಾಳದ ಮಾದರಿಯ ಮನೆ ಎಂಬರ್ಥದ ಹಿಂದುಸ್ತಾನಿ ಪದಕ್ಕೆ ಸೋಲಿಗರ ಪದ ಕೂಡಿದೆ. ಒಣಗಿದೆಲೆಗೆ ಬೇಸಗೆಯ ಆರಂಭದಲ್ಲಿ ಹಾಕುತ್ತಿದ್ದ ಸಣ್ಣ ಬೆಂಕಿಗೆ ಅವರು ‘ತರಗು ಬೆಂಕಿ’ ಎನ್ನುತ್ತಾರೆ. ನೆಲ್ಲಿಮರವನ್ನು ಹಿಡಿಯುವ ಬಂದಳಿಕೆಗೆ ‘ಉಪ್ಪಿಲು’ ಎನ್ನುತ್ತಾರೆ. ತರಗು ಬೆಂಕಿ ನಿಂತ ಮೇಲೆ ಉಪ್ಪಿಲು ಹೆಚ್ಚಿತೆಂಬುದು ಸೋಲಿಗರ ತಿಳಿವಳಿಕೆ. ಸಂಶೋಧಕರು 2010ರ ಹೊತ್ತಿಗೆ ಇದನ್ನು ದಾಖಲಿಸಿದರು. ಈ ಎರಡು ಪದಗಳ ನಡುವಿನ ಕಾರ್ಯಕಾರಣ ಸಂಬಂಧ ಯಾವ ನಿಘಂಟಿನಲ್ಲಿಯೂ ಸಿಗುವಂಥದ್ದಲ್ಲ. ಅದು ಆಡುವವರಲ್ಲಿ ಮಾತ್ರ ಇರುತ್ತದೆ. ಅವರ ಮಕ್ಕಳು ಆ ಪದಗಳನ್ನು ಆಡಲು ನಾಚಿದರೆ, ಕಾಡನ್ನು ಓದುವ ಒಂದು ಕ್ರಮವೂ ಅವುಗಳೊಡನೆ ಮರೆಯಾಗುತ್ತದೆ.

ಉಪಸಂಹಾರ

ಒಟ್ಟಾರೆ ಹೇಳುವುದಾದರೆ, ಬೆರಕೆಯಿಲ್ಲದ ಜೀವಂತ ಭಾಷೆ ಇಲ್ಲ. ಬೆರಕೆಗೂ ಒಂದು ಕ್ರಮವಿದೆ. ಅದು ಜನ ಯಾರೊಡನೆ, ಯಾವ ಕೆಲಸದಲ್ಲಿ ಕೂಡಿದರೆಂಬುದನ್ನು ತಪ್ಪದೆ ತಿಳಿಸುತ್ತದೆ. ಕಿಟೆಲ್ ತಮ್ಮ 1894ರ ನಿಘಂಟಿನಲ್ಲಿ ಅನ್ಯದೇಶ್ಯ ಪದಗಳನ್ನು ಗುರುತಿಸಿ ಸೇರಿಸಿಕೊಂಡರು, ಜಿ. ವೆಂಕಟಸುಬ್ಬಯ್ಯನವರು ಎರವಲು ಪದಗಳಿಗೇ ಒಂದು ಕೋಶವನ್ನು ಕೊಟ್ಟರು. ಆ ಕೆಲಸ ಹೋಬಳಿಯ ಮಟ್ಟಕ್ಕೆ ಇಳಿಯಬೇಕಾಗಿದೆ. ಪದ, ಅದರ ಸ್ಥಳೀಯ ಉಚ್ಚಾರಣೆ, ಬಳಸುವ ಕಸುಬು, ಆಡುವವರ ವಯಸ್ಸು ಈ ನಾಲ್ಕನ್ನು ಒಟ್ಟಿಗೆ ದಾಖಲಿಸಿದ ಪಟ್ಟಿಗಳು ಹರವೆಯಂಥ ಊರುಗಳಿಂದ ಬರಬೇಕು. ಯಿಡಿಷ್ ತನ್ನ ಜನರನ್ನು ಕಳೆದುಕೊಂಡ ಮೇಲೆ ಪದಗಳನ್ನು ಹುಡುಕುವ ಕೆಲಸ ಎಷ್ಟು ಕಷ್ಟವಾಯಿತೆಂಬುದು ನಮ್ಮ ಮುಂದಿದೆ. ನಮ್ಮಲ್ಲಿ ಜನರಿದ್ದಾರೆ, ಆಡುತ್ತಲೂ ಇದ್ದಾರೆ. ಕೇಳಿ ಬರೆದುಕೊಳ್ಳುವುದಷ್ಟೇ ಬಾಕಿ.