ರೈತನ ಹಕ್ಕು ಮತ್ತು ನೆರೆಮನೆಯ ಬಾವಿ

ಮುಂಗಾರು ಹಿಡಿಯುವ ಮುನ್ನ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ಸೀಮೆಯ ಅಡಿಕೆ ತೋಟಗಳಲ್ಲಿ ಬಿಡುವೆಂಬುದು ಇರುವುದಿಲ್ಲ. ಒಂದೆಡೆ ಮೈಲುತುತ್ತು ಕರಗುತ್ತಿರುತ್ತದೆ. ಇನ್ನೊಂದೆಡೆ ಸುಣ್ಣದ ತಿಳಿ ಸಿದ್ಧವಾಗುತ್ತಿರುತ್ತದೆ. ವರ್ಷಕ್ಕೆ ಸುಮಾರು 4,000 ಮಿಲಿಮೀಟರ್ ಮಳೆ ಸುರಿಯುವ ಈ ನಾಡಿನಲ್ಲಿ ಕೊಳೆರೋಗಕ್ಕೆ ಮದ್ದು ಬಿಡದೆ ಫಸಲು ಕೈಸೇರುವುದು ದುರ್ಲಭ. ಹಿಂದೆ ಹಾಳೆಯ ಕೊಟ್ಟೆ ಕಟ್ಟಿ ಗೊನೆಗಳನ್ನು ಕಾಯುತ್ತಿದ್ದರು. ಮೈಸೂರು ಸಂಸ್ಥಾನದ ಸೇವೆಯಲ್ಲಿದ್ದ ವಿಜ್ಞಾನಿ ಲೆಸ್ಲಿ ಕೋಲ್ಮನ್ ಅವರು 1910ರ ಸುಮಾರಿಗೆ ಬೋರ್ಡೋ ದ್ರಾವಣದ ಉಪಯೋಗವನ್ನು ತೋರಿಸಿಕೊಟ್ಟ ಮೇಲೆ ರೈತರಿಗೆ ಒಂದು ಆಸರೆ ದೊರೆಯಿತು. ಆದುದರಿಂದ ಮದ್ದು ಬಿಡುವ ಕೃಷಿಕನನ್ನು ಅಪರಾಧಿಯಂತೆ ಕಾಣುವುದು ನ್ಯಾಯವಲ್ಲ. ಬೆಳೆಯನ್ನು ಉಳಿಸಿಕೊಳ್ಳುವುದು ಅವನ ಹಕ್ಕು. ಅದು ಅವನ ಮನೆಮಂದಿಯ ಅನ್ನದ ಪ್ರಶ್ನೆ.

ಆದರೆ ಎಲ್ಲ ಮದ್ದುಗಳೂ ಒಂದೇ ಬಗೆಯವಲ್ಲ; ಬಿಟ್ಟ ಮದ್ದು ಬೇಲಿಯ ಒಳಗೇ ನಿಲ್ಲುವುದೂ ಇಲ್ಲ. ಅದು ಗಾಳಿಯೊಡನೆ ನೆರೆಯ ಅಂಗಳಕ್ಕೆ ಹೋಗುತ್ತದೆ, ಮಳೆನೀರಿನೊಡನೆ ತೋಡಿಗೆ ಇಳಿಯುತ್ತದೆ. ಬೆಳ್ತಂಗಡಿಯ ಹಳ್ಳಗಳ ನೀರು ನೇತ್ರಾವತಿಯನ್ನು ಸೇರುತ್ತದೆ. ಅದೇ ನದಿಗೆ ಬಂಟ್ವಾಳ ತಾಲೂಕಿನ ತುಂಬೆಯಲ್ಲಿ ಅಣೆಕಟ್ಟು ಕಟ್ಟಿ ಮಂಗಳೂರು ನಗರಕ್ಕೆ ಕುಡಿಯುವ ನೀರು ಒದಗಿಸಲಾಗುತ್ತಿದೆ. ಮೇಲಿನ ತೋಟದವನು ಕಾಣದ ಮನೆಗಳಿಗೂ ಅವನು ನೆರೆಯವನೇ ಆಗಿದ್ದಾನೆ.

ಇದು ಬರಿಯ ಊಹೆಯಲ್ಲವೆಂಬುದಕ್ಕೆ ನಮ್ಮ ಜಿಲ್ಲೆಯೇ ಸಾಕ್ಷಿ. ಗೇರುತೋಟಗಳನ್ನು ಕಾಡುವ ಟೀ ಸೊಳ್ಳೆಯ ನಾಶಕ್ಕೆಂದು ಬೆಳ್ತಂಗಡಿ ತಾಲೂಕಿನ ಕೊಕ್ಕಡ, ನಿಡ್ಲೆ, ಪಟ್ರಮೆ ಮುಂತಾದ ಗ್ರಾಮಗಳ ಪರಿಸರದಲ್ಲಿ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಸಿಂಪಡಿಸಲಾಯಿತು. ನೆರೆಯ ಕಾಸರಗೋಡಿನ ಗೇರುತೋಟಗಳಲ್ಲಿ ಎರಡು ದಶಕಗಳಿಗೂ ಹೆಚ್ಚು ಕಾಲ, 2000ದವರೆಗೆ, ಇದೇ ನಡೆಯಿತು. ಅಲ್ಲಿನ ಪಡ್ರೆ ಗ್ರಾಮದಲ್ಲಿ ಕರುಗಳು ಅಂಗವಿಕಲವಾಗಿ ಹುಟ್ಟುತ್ತಿರುವುದನ್ನು ಪತ್ರಕರ್ತ ಶ್ರೀ ಪಡ್ರೆಯವರು 1979ರಷ್ಟು ಹಿಂದೆಯೇ ಬರೆದರು. ಜನರಲ್ಲಿ ಕಾಣಿಸಿದ ವಿಚಿತ್ರ ವ್ಯಾಧಿಗಳ ಕಡೆಗೆ ವೈದ್ಯ ಡಾ. ವೈ.ಎಸ್. ಮೋಹನ ಕುಮಾರ್ ಅವರು ಗಮನ ಸೆಳೆದರು. ಕೇಳುವವರು ಬೇಗ ಕೇಳಲಿಲ್ಲ. 2011ರ ಫೆಬ್ರವರಿಯಲ್ಲಿ ಕರ್ನಾಟಕ ಸರ್ಕಾರವು ಈ ಕೀಟನಾಶಕವನ್ನು ನಿಷೇಧಿಸಿತು. ಅದೇ ವರ್ಷ ಮೇ 13ರಂದು ಸರ್ವೋಚ್ಚ ನ್ಯಾಯಾಲಯವು ದೇಶದಾದ್ಯಂತ ಅದರ ತಯಾರಿಕೆ, ಮಾರಾಟ, ಬಳಕೆಗಳನ್ನು ತಡೆಯಿತು. 2017ರಲ್ಲಿ ಕೇರಳದ ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿ ನೀಡಬೇಕೆಂದು ಅದೇ ನ್ಯಾಯಾಲಯ ಆದೇಶಿಸಿತು. ಆದರೆ ಮಲಗಿದಲ್ಲಿಂದ ಏಳಲಾರದ ಮಗನನ್ನು ಹಗಲಿರುಳು ನೋಡಿಕೊಳ್ಳುವ ತಾಯಿಗೆ, ತಾನು ಹೋದ ಮೇಲೆ ಇವನ ಗತಿಯೇನೆಂಬ ಚಿಂತೆಯನ್ನು ಯಾವ ಹಣ ತೀರಿಸೀತು?

ಇಲ್ಲಿ ಒಂದು ಸಂಗತಿಯನ್ನು ಮರೆಯಬಾರದು. ಆ ವಿಷವನ್ನು ಆಕಾಶದಿಂದ ಸುರಿದವನು ಎರಡು ಎಕರೆಯ ಬಡ ರೈತನಲ್ಲ. ಅದು ಸರ್ಕಾರಿ ಒಡೆತನದ ನಿಗಮಗಳ ಕಾರ್ಯ. ಕೆಳಗಿದ್ದ ಜನರ ಒಪ್ಪಿಗೆಯನ್ನು ಕೇಳದೆ ಹೋದುದೇ ಅದರ ಮೂಲದೋಷ. ಅದೇ ದೋಷ ಇಂದು ಸಣ್ಣ ಪ್ರಮಾಣದಲ್ಲಿ ನಮ್ಮ ತೋಟಗಳಲ್ಲಿಯೂ ನಡೆಯಬಹುದಲ್ಲವೇ? ಆಳು ಸಿಗದೆಂದು ಕಳೆನಾಶಕ ಹೊಡೆಯುವಾಗ, ಎಲೆಚುಕ್ಕಿ ರೋಗಕ್ಕೆ ಹೊಸ ಹೊಸ ಔಷಧ ಬಿಡುವಾಗ, ಪಕ್ಕದ ಮನೆಗೆ ಒಂದು ಮಾತು ತಿಳಿಸುವವರು ಎಷ್ಟು ಮಂದಿ?

ಕಾನೂನು ಇದಕ್ಕೆ ಪೂರ್ಣ ಉತ್ತರ ಕೊಡುವುದಿಲ್ಲ. 1968ರ ಕೀಟನಾಶಕ ಕಾಯಿದೆಯು ತಯಾರಕರನ್ನೂ ಮಾರಾಟಗಾರರನ್ನೂ ಕಟ್ಟುಪಾಡಿಗೆ ಒಳಪಡಿಸುತ್ತದೆ. ಆದರೆ ತಾನು ಸಾಗುವಳಿ ಮಾಡುವ ಭೂಮಿಯಲ್ಲಿ ರೈತನು ಮಾಡುವ ಬಳಕೆಯನ್ನು ಅದರ 38ನೆಯ ಕಲಮು ಕಾಯಿದೆಯ ಹೊರಗಿಟ್ಟಿದೆ. ಕಾನೂನು ಬಿಟ್ಟುಕೊಟ್ಟ ಈ ಜಾಗವನ್ನು ತುಂಬಬೇಕಾದುದು ನೆರೆಹೊರೆಯ ಧರ್ಮ.

ಆ ಧರ್ಮ ಕಠಿಣವಾದುದೇನಲ್ಲ. ಮದ್ದು ಬಿಡುವ ದಿನವನ್ನು ಮುಂಚಿತವಾಗಿ ತಿಳಿಸುವುದು, ಬಾವಿಯನ್ನು ಮುಚ್ಚಿಸುವುದು, ಗಾಳಿ ಬೀಸುವಾಗ ಕೈತಡೆಯುವುದು, ಡಬ್ಬಿಗಳನ್ನು ತೋಡಿನಲ್ಲಿ ತೊಳೆಯದಿರುವುದು, ಹೂ ಬಿಟ್ಟ ಗಿಡಗಳ ಮೇಲೆ ಜೇನು ಹಾರಾಡುವ ಹೊತ್ತಿನಲ್ಲಿ ಸಿಂಪಡಿಸದಿರುವುದು, ಸಿಂಪಡಿಸುವ ಆಳಿಗೆ ಕೈಗವಸು, ಮುಖವಸ್ತ್ರ ಕೊಡುವುದು. ಇದು ರೈತನ ಪಾಲು. ಸಮಾಜಕ್ಕೂ ಒಂದು ಪಾಲುಂಟು. ವಿಷ ಬೇಡವೆಂದು ಹೇಳುವವರು, ವಿಷವಿಲ್ಲದೆ ಬೆಳೆದವನ ಕಡಿಮೆ ಫಸಲಿಗೆ ತಕ್ಕ ಬೆಲೆ ಕೊಡಲು ಸಿದ್ಧರಿರಬೇಕು. ನಷ್ಟವನ್ನೆಲ್ಲ ಅವನ ತಲೆಗೆ ಕಟ್ಟಿ ಶುದ್ಧಾಹಾರವನ್ನು ಮಾತ್ರ ತಾವು ಬಯಸುವುದು ತರವಲ್ಲ.

ಬೆಳೆ ಒಂದು ವರ್ಷ ಹೋದರೆ ಮುಂದಿನ ವರ್ಷ ಬಂದೀತು. ಕೊಕ್ಕಡದ ಮನೆಗಳಲ್ಲಿ ಕಳೆದುಹೋದುದು ಹಾಗೆ ಮರಳುವಂಥದಲ್ಲ. ಈ ಮಳೆಗಾಲದ ಮುಂಚೆ ಮದ್ದಿನ ಡ್ರಮ್ಮಿನ ಬಳಿ ನಿಂತಾಗ, ಬೇಲಿಯಾಚೆಯ ಬಾವಿಯ ಕಡೆಗೆ ಒಮ್ಮೆ ನೋಡೋಣ.