ಗ್ರ್ಯಾಂಡ್‌ಮಾಸ್ಟರ್ ಪಟ್ಟ ಸಿಗುವುದು ಹೇಗೆ?

ಪ್ರಶ್ನೆ: ಒಂದು ದೊಡ್ಡ ಚೆಸ್ ಟೂರ್ನಿ ಗೆದ್ದರೆ ಗ್ರ್ಯಾಂಡ್‌ಮಾಸ್ಟರ್ ಆಗಬಹುದೇ? ಮುಂದೆ ಸೋಲುತ್ತಾ ಹೋದರೆ ಆ ಪಟ್ಟ ಹೋಗುತ್ತದೆಯೇ?

ಉತ್ತರ: ಕೆಲವೇ ಚಾಂಪಿಯನ್‌ಷಿಪ್‌ಗಳನ್ನು ಬಿಟ್ಟರೆ, ಒಂದು ಗೆಲುವಿಗೆ ಈ ಪಟ್ಟ ದಕ್ಕುವುದಿಲ್ಲ. ಆಟಗಾರರ ರೇಟಿಂಗ್ ಒಮ್ಮೆಯಾದರೂ 2500 ಮುಟ್ಟಬೇಕು. ಜೊತೆಗೆ ಸಾಮಾನ್ಯವಾಗಿ ಮೂರು ‘ನಾರ್ಮ್’ ಗಳಿಸಬೇಕು. ಪ್ರಬಲ ಎದುರಾಳಿಗಳಿರುವ ಟೂರ್ನಿಯಲ್ಲಿ 2600 ರೇಟಿಂಗ್‌ನವರ ಮಟ್ಟಕ್ಕೆ ಆಡಿದರೆ ಒಂದು ನಾರ್ಮ್. ಎಲ್ಲ ನಾರ್ಮ್‌ಗಳೂ ಸೇರಿ ಕನಿಷ್ಠ 27 ಪಂದ್ಯಗಳಾಗಿರಬೇಕು. ಹಾಗಾಗಿಯೇ ಇದು ವರ್ಷಗಟ್ಟಲೆ ಬೆವರು ಬೇಡುವ ಸಾಧನೆ.

ವಿಶ್ವನಾಥನ್ ಆನಂದ್ 1988ರಲ್ಲಿ ಭಾರತದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದರು. ಕರ್ನಾಟಕಕ್ಕೆ ಆ ಹೆಮ್ಮೆ ತಂದವರು ಮೈಸೂರಿನ ಎಂ.ಎಸ್. ತೇಜ್‌ಕುಮಾರ್, 2017ರಲ್ಲಿ.

ಒಮ್ಮೆ ಪಡೆದ ಪಟ್ಟ ಜೀವನಪೂರ್ತಿ ಉಳಿಯುತ್ತದೆ. ಸೋಲಿನಿಂದ ರೇಟಿಂಗ್ ಇಳಿಯಬಹುದು, ಪಟ್ಟ ಇಳಿಯದು. ಅದನ್ನು ಕಳೆಯಬಲ್ಲದ್ದು ಸೋಲಲ್ಲ, ವಂಚನೆ.