‘ಬಾಸ್ಕೆಟ್‌ಬಾಲ್’ ಶಬ್ದ: ಅರ್ಥ ಮತ್ತು ಪ್ರಯೋಗ

ಪರಭಾಷೆಯಿಂದ ಬಂದ ಶಬ್ದಗಳನ್ನು ಕುರಿತು ನಮ್ಮ ವಿದ್ವಾಂಸರಲ್ಲಿ ಎರಡು ಬಗೆಯ ಅಭಿಪ್ರಾಯಗಳುಂಟು. ಬಂದುದನ್ನು ಬಂದಂತೆಯೇ ಇಟ್ಟುಕೊಳ್ಳಬೇಕೆಂಬುದು ಒಂದು. ಅದರ ಅವಯವಗಳನ್ನು ಬಿಡಿಸಿ, ಒಂದೊಂದಕ್ಕೂ ಕನ್ನಡದ ಮಾತನ್ನು ಕೊಟ್ಟು ಹೊಸ ಸಮಾಸವನ್ನು ಕಟ್ಟಬೇಕೆಂಬುದು ಇನ್ನೊಂದು. ಮುಂಬಯಿಯಂಥ ನಗರದಲ್ಲಿ ನೆಲೆಸಿದ ಕನ್ನಡಿಗರಿಗೆ ಇದು ಕೇವಲ ಪಂಡಿತರ ಚರ್ಚೆಯಲ್ಲ. ನಮ್ಮ ಮಕ್ಕಳು ಶಾಲೆಯಲ್ಲಿ ಇಂಗ್ಲಿಷನ್ನೂ ಬೀದಿಯಲ್ಲಿ ಹಿಂದಿ ಮರಾಠಿಗಳನ್ನೂ ಆಡಿ ಸಂಜೆ ಮನೆಗೆ ಬರುವಾಗ ಹತ್ತಾರು ಹೊಸ ಶಬ್ದಗಳನ್ನು ತಮ್ಮೊಡನೆ ತರುತ್ತಾರೆ. ಅವುಗಳಲ್ಲಿ ಯಾವುದನ್ನು ತಿದ್ದಬೇಕು, ಯಾವುದನ್ನು ಹಾಗೆಯೇ ಬಿಡಬೇಕು ಎಂಬುದು ಇಲ್ಲಿ ಮನೆಮನೆಯ ಪ್ರಶ್ನೆ.

ಈ ಪ್ರಶ್ನೆಗೆ ಸಾಮಾನ್ಯ ಸೂತ್ರವೊಂದನ್ನು ಹೇಳಹೊರಡುವುದಕ್ಕಿಂತ ಒಂದೇ ಶಬ್ದವನ್ನು ಹಿಡಿದು ಅದರ ಹುಟ್ಟು, ಅರ್ಥ, ಪ್ರಯೋಗಗಳನ್ನು ಪರೀಕ್ಷಿಸುವುದು ಹೆಚ್ಚು ಫಲಕಾರಿಯಾದೀತು. ‘ಬಾಸ್ಕೆಟ್‌ಬಾಲ್’ ಅಂಥ ಪರೀಕ್ಷೆಗೆ ಬಹಳ ಅನುಕೂಲವಾದ ಶಬ್ದ. ಭಾಷೆಯ ಬಹುಪಾಲು ಶಬ್ದಗಳು ಯಾವಾಗ, ಎಲ್ಲಿ, ಯಾರ ಬಾಯಲ್ಲಿ ಹುಟ್ಟಿದುವೆಂಬುದು ತಿಳಿಯದು. ಇದರ ವಿಷಯದಲ್ಲಾದರೋ ಈ ಮೂರೂ ತಿಳಿದಿವೆ.

1. ಹುಟ್ಟು

ಅಮೆರಿಕದ ಮ್ಯಾಸಚೂಸೆಟ್ಸ್ ಸಂಸ್ಥಾನದ ಸ್ಪ್ರಿಂಗ್‌ಫೀಲ್ಡ್ ಊರಿನಲ್ಲಿ ವೈ. ಎಂ. ಸಿ. ಎ. ಸಂಸ್ಥೆಯ ತರಬೇತಿ ಶಾಲೆಯೊಂದಿತ್ತು. ಅಲ್ಲಿ ವ್ಯಾಯಾಮ ಶಿಕ್ಷಕನಾಗಿದ್ದ, ಕೆನಡಾದಲ್ಲಿ ಹುಟ್ಟಿದ ಜೇಮ್ಸ್ ನೈಸ್ಮಿತ್ ಎಂಬವನು 1891ರ ಡಿಸೆಂಬರಿನಲ್ಲಿ, ಚಳಿಗಾಲದಲ್ಲಿ ಒಳಾಂಗಣದಲ್ಲಿಯೇ ಆಡಬಹುದಾದ ಒಂದು ಹೊಸ ಆಟವನ್ನು ಯೋಜಿಸಿದನು. ಗುರಿಗಾಗಿ ಅವನು ಕೇಳಿದ್ದು ಎರಡು ಪೆಟ್ಟಿಗೆಗಳನ್ನು. ಶಾಲೆಯ ಕಾವಲುಗಾರನ ಬಳಿ ಪೆಟ್ಟಿಗೆಗಳಿರಲಿಲ್ಲ. ಪೀಚ್ ಹಣ್ಣು ತುಂಬುವ ಎರಡು ಬುಟ್ಟಿಗಳಿದ್ದುವು. ಅವನ್ನೇ ಹತ್ತು ಅಡಿ ಎತ್ತರದ ಮೊಗಸಾಲೆಯ ಅಂಚಿಗೆ ಮೊಳೆ ಹೊಡೆದು ಕಟ್ಟಲಾಯಿತು. ಕಾವಲುಗಾರನ ಬಳಿ ಪೆಟ್ಟಿಗೆಗಳೇ ಇದ್ದಿದ್ದರೆ ಈ ಆಟದ ಹೆಸರೇ ಬೇರೆಯಾಗುತ್ತಿತ್ತು. ಶಬ್ದದ ಅರ್ಧ ಭಾಗ ಹೀಗೆ ಆಕಸ್ಮಿಕದ ಕೊಡುಗೆ.

ಆಟಕ್ಕೆ ಮೊದಲು ಹೆಸರಿರಲಿಲ್ಲ. ಫ್ರ್ಯಾಂಕ್ ಮಹಾನ್ ಎಂಬ ವಿದ್ಯಾರ್ಥಿಯು ಅದನ್ನು ‘ನೈಸ್ಮಿತ್‌ಬಾಲ್’ ಎಂದು ಕರೆಯೋಣವೆಂದನು. ಗುರು ನಕ್ಕು ಬೇಡವೆಂದನು. ಬುಟ್ಟಿಯೂ ಇದೆ, ಚೆಂಡೂ ಇದೆಯಾದ್ದರಿಂದ ‘ಬಾಸ್ಕೆಟ್ ಬಾಲ್’ ಎನ್ನಬಾರದೇಕೆಂದು ಅದೇ ವಿದ್ಯಾರ್ಥಿ ಮತ್ತೆ ಸೂಚಿಸಲು ಆ ಹೆಸರು ನಿಂತಿತು. 1892ರ ಜನವರಿ 15ರಂದು ಶಾಲೆಯ ಪತ್ರಿಕೆಯಲ್ಲಿ ಆಟದ ಹದಿಮೂರು ನಿಯಮಗಳು ಅಚ್ಚಾದಾಗ ಶೀರ್ಷಿಕೆಯು ಎರಡು ಬಿಡಿ ಪದಗಳಾಗಿಯೇ ಇತ್ತು. ಮುಂದಿನ ದಶಕಗಳಲ್ಲಿ ಅವು ಕೂಡಿ ಒಂದೇ ಪದವಾದುವು. ಎರಡು ವಸ್ತುಗಳ ಹೆಸರಾಗಿದ್ದುದು ಒಂದೇ ಭಾವದ ಹೆಸರಾಯಿತೆಂಬುದಕ್ಕೆ ಈ ಬರವಣಿಗೆಯ ಬದಲಾವಣೆಯೇ ಸಾಕ್ಷಿ.

2. ಇಂಗ್ಲಿಷಿನಲ್ಲಿ ಅರ್ಥಗಳು

ಇಂಗ್ಲಿಷ್ ನಿಘಂಟುಗಳು ಈ ಶಬ್ದಕ್ಕೆ ಮುಖ್ಯವಾಗಿ ಎರಡು ಅರ್ಥಗಳನ್ನು ಕೊಡುತ್ತವೆ: ಒಂದು ಆಟ, ಇನ್ನೊಂದು, ಆ ಆಟದಲ್ಲಿ ಬಳಸುವ ಚೆಂಡು. ಚೆಂಡಿನ ಅರ್ಥವೇ ಮೊದಲಿನದು, ಆಟದ ಅರ್ಥ ಅನಂತರದ್ದು ಎಂದು ಮೇಲ್ನೋಟಕ್ಕೆ ತೋರುತ್ತದೆ. ವಸ್ತುಸ್ಥಿತಿ ಇದಕ್ಕೆ ವಿಪರೀತ. ಮೊದಲ ಆಟವನ್ನು ಆಡಿದ್ದು ಕಾಲ್ಚೆಂಡಿನಿಂದ. ಈ ಆಟಕ್ಕೆಂದೇ ಬೇರೆ ಚೆಂಡು ತಯಾರಾದದ್ದು ಕೆಲವು ವರ್ಷಗಳ ಬಳಿಕ. ಆದುದರಿಂದ ಆಟವು ಚೆಂಡಿನಿಂದ ಹೆಸರನ್ನು ಪಡೆಯಲಿಲ್ಲ, ಚೆಂಡೇ ಆಟದಿಂದ ಹೆಸರನ್ನು ಪಡೆಯಿತು.

ಈ ಎರಡು ಅರ್ಥಗಳನ್ನು ಇಂಗ್ಲಿಷು ವ್ಯಾಕರಣದಿಂದಲೇ ಬೇರ್ಪಡಿಸುತ್ತದೆ. ಆಟವೆಂಬ ಅರ್ಥದಲ್ಲಿ ಶಬ್ದವು ಎಣಿಕೆಗೆ ಸಿಕ್ಕದ ನಾಮಪದ. ‘ಆಡು’ ಎಂಬ ಕ್ರಿಯಾಪದದೊಡನೆ ಬರುವಾಗ ಹಿಂದೆ ‘ಎ’ ಅಥವಾ ‘ದಿ’ ಎಂಬ ಉಪಪದವಿರುವುದಿಲ್ಲ. ಚೆಂಡೆಂಬ ಅರ್ಥದಲ್ಲಿ ಅದು ಎಣಿಕೆಯ ನಾಮಪದ. ಉಪಪದವೂ ಬಹುವಚನವೂ ಅದಕ್ಕೆ ಸಲ್ಲುತ್ತವೆ. ಇನ್ನು ಮೂರನೆಯದಾಗಿ ತಂಡ, ಅಂಕಣ, ತರಬೇತುದಾರ ಮುಂತಾದ ಪದಗಳ ಹಿಂದೆ ನಿಂತು ಅದು ವಿಶೇಷಣದ ಕೆಲಸವನ್ನು ಮಾಡುತ್ತದೆ. ಉಚ್ಚಾರದಲ್ಲಿ ಒತ್ತು ಯಾವಾಗಲೂ ಮೊದಲ ಅಕ್ಷರದ ಮೇಲೆ. ಇಂಗ್ಲಿಷಿನಲ್ಲಿ ಗಟ್ಟಿಯಾಗಿ ಬೆಸೆದ ಸಮಾಸಗಳ ಸಾಮಾನ್ಯ ಲಕ್ಷಣವಿದು.

ಇವಕ್ಕಿಂತ ಸ್ವಾರಸ್ಯವಾದುದು ‘ಬಾಸ್ಕೆಟ್’ ಎಂಬ ಅವಯವದ ಅರ್ಥಾಂತರ. ಮೂಲ ನಿಯಮದ ಪ್ರಕಾರ ಚೆಂಡು ಬುಟ್ಟಿಯೊಳಗೆ ಬಿದ್ದು ಅಲ್ಲಿಯೇ ನಿಲ್ಲಬೇಕು. ಆಗ ಏಣಿ ಹತ್ತಿ ಅದನ್ನು ತೆಗೆಯಬೇಕಾಗುತ್ತಿತ್ತು. ಬರಬರುತ್ತ ಬುಟ್ಟಿಯ ಸ್ಥಾನದಲ್ಲಿ ಕಬ್ಬಿಣದ ಬಳೆ ಬಂದಿತು; ಅದಕ್ಕೆ ನೂಲಿನ ಬಲೆ ಬಂದಿತು; ಕೊನೆಗೆ ಬಲೆಯ ತಳವೂ ಬಿಚ್ಚಿಹೋಯಿತು. ಇಂದು ಚೆಂಡು ಮೇಲಿನಿಂದ ಹೊಕ್ಕು ಕೆಳಗೆ ಜಾರುತ್ತದೆ. ಬಳೆಯೂ ಉಂಟು, ಬಲೆಯೂ ಉಂಟು. ಬುಟ್ಟಿ ಮಾತ್ರ ಇಲ್ಲ. ಹಿಡಿದಿಡುವುದು ಬುಟ್ಟಿಯ ಧರ್ಮ. ಈ ‘ಬುಟ್ಟಿ’ಯಾದರೋ ಏನನ್ನೂ ಹಿಡಿದಿಡದು. ಅಷ್ಟೇ ಅಲ್ಲದೆ ಅದೇ ಶಬ್ದವು ಇಂಗ್ಲಿಷಿನಲ್ಲಿ ವಸ್ತುವನ್ನು ಬಿಟ್ಟು ಕ್ರಿಯೆಗೂ ಫಲಕ್ಕೂ ಹೆಸರಾಯಿತು. ಒಬ್ಬ ಆಟಗಾರನು ಹತ್ತು ‘ಬಾಸ್ಕೆಟ್’ ಮಾಡಿದನೆಂದರೆ ಹತ್ತು ಸಲ ಚೆಂಡನ್ನು ಬಳೆಯಲ್ಲಿ ದಾಟಿಸಿದನೆಂದೇ ಅರ್ಥ. ಹತ್ತು ಬುಟ್ಟಿಗಳನ್ನು ಹೆಣೆದನೆಂದಲ್ಲ.

ಆಟದ ಮಾತು ಆಟವನ್ನು ಮೀರಿಯೂ ಹೋಗಿದೆ. ‘ಡಂಕ್’ ಎಂಬುದು ರೊಟ್ಟಿಯನ್ನು ಕಾಫಿಯಲ್ಲಿ ಅದ್ದುವುದಕ್ಕೆ ಪೆನ್ಸಿಲ್ವೇನಿಯಾದ ಜರ್ಮನ್ ಮೂಲದ ಜನರಿಂದ ಬಂದ ಮಾತು. ಚೆಂಡನ್ನು ಮೇಲಿನಿಂದ ಬಳೆಯೊಳಗೆ ತುರುಕುವುದಕ್ಕೆ ಅದು ಹೆಸರಾಯಿತು. ಈಗ ‘ಸ್ಲ್ಯಾಮ್ ಡಂಕ್’ ಎಂದರೆ ಸೋಲಿನ ಶಂಕೆಯೇ ಇಲ್ಲದ ಕಾರ್ಯವೆಂದು ಅಮೆರಿಕದ ವ್ಯಾಪಾರ, ರಾಜಕಾರಣಗಳ ಭಾಷೆಯಲ್ಲಿ ರೂಢಿ. ‘ಫುಲ್ ಕೋರ್ಟ್ ಪ್ರೆಸ್’ ಎಂದರೆ ಎಲ್ಲ ಕಡೆಗಳಿಂದಲೂ ಹೇರುವ ಒತ್ತಡ.

3. ಸಮಾಸ ವಿಚಾರ

ನಮ್ಮ ವೈಯಾಕರಣರ ದೃಷ್ಟಿಯಿಂದ ನೋಡಿದರೆ ಈ ಒಂದು ಶಬ್ದದಲ್ಲಿ ಎರಡು ಸಮಾಸಗಳಿವೆ. ಚೆಂಡಿನ ಅರ್ಥದಲ್ಲಿ ಉತ್ತರಪದವೇ ಪ್ರಧಾನ. ಆದುದರಿಂದ ಅದು ತತ್ಪುರುಷ. ಆಟದ ಅರ್ಥದಲ್ಲಿ ಬುಟ್ಟಿಯೂ ಪ್ರಧಾನವಲ್ಲ, ಚೆಂಡೂ ಪ್ರಧಾನವಲ್ಲ. ಇವೆರಡೂ ಯಾವುದರಲ್ಲಿ ಉಂಟೋ ಅದು, ಎಂದರೆ ಅನ್ಯಪದಾರ್ಥವೇ ಪ್ರಧಾನ. ಅದು ಬಹುವ್ರೀಹಿಗೆ ಸಮೀಪವಾದುದು. ‘ಮುಕ್ಕಣ್ಣ’ ಎಂದಾಗ ನಮಗೆ ತೋರುವವನು ಶಿವ. ಮೂರು ಮತ್ತು ಕಣ್ಣುಗಳನ್ನು ಬೇರೆ ಬೇರೆಯಾಗಿ ನೆನೆಯುವವರು ಯಾರು? ಬಹುವ್ರೀಹಿಯ ಅವಯವಗಳನ್ನು ಮಾತ್ರ ಅನುವಾದಿಸಿದರೆ ಅವಯವಗಳು ಸಿಕ್ಕುತ್ತವೆ, ಅರ್ಥ ಸಿಕ್ಕುವುದಿಲ್ಲ.

ಅವಯವಾರ್ಥವು ಸತ್ತ ಮೇಲೂ ಸಮಾಸವು ಬದುಕುವುದು ಇಂಗ್ಲಿಷಿನ ವಿಶೇಷವೇನೂ ಅಲ್ಲ. ನಮ್ಮ ‘ಎಣ್ಣೆ’ಯನ್ನೇ ನೋಡಬಹುದು. ಎಳ್ ಮತ್ತು ನೆಯ್ ಸೇರಿ ಆದ ಈ ಶಬ್ದಕ್ಕೆ ಮೂಲದಲ್ಲಿ ಎಳ್ಳಿನ ನೆಯ್ ಎಂದಷ್ಟೇ ಅರ್ಥ. ಇಂದು ಕೊಬ್ಬರಿ ಎಣ್ಣೆ, ಹರಳೆಣ್ಣೆ, ಸೀಮೆಎಣ್ಣೆ ಎಲ್ಲವೂ ಉಂಟು. ಎಳ್ಳಿನದೇ ಬೇಕಾದಾಗ ‘ಎಳ್ಳೆಣ್ಣೆ’ ಎಂದು ಎಳ್ಳನ್ನು ಎರಡು ಸಲ ಹೇಳುತ್ತೇವೆ. ಸೀಮೆಎಣ್ಣೆಯಲ್ಲಿ ಎಳ್ಳೆಲ್ಲಿ ಎಂದು ಯಾರೂ ಕೇಳರು. ಬಳೆಯಲ್ಲಿ ಬುಟ್ಟಿಯೆಲ್ಲಿ ಎಂದು ಇಂಗ್ಲಿಷರೂ ಕೇಳರು.

4. ಭಾರತದಲ್ಲಿ, ಮುಂಬಯಿಯಲ್ಲಿ, ಕನ್ನಡದಲ್ಲಿ

ಸ್ಪ್ರಿಂಗ್‌ಫೀಲ್ಡಿನ ಮೊದಲ ಆಟಗಾರರಲ್ಲಿ ಒಬ್ಬನಾದ ಡಂಕನ್ ಪ್ಯಾಟನ್ ಎಂಬವನು 1894ರಲ್ಲಿ ಈ ಆಟವನ್ನು ಭಾರತಕ್ಕೆ ತಂದನೆಂದು ನೈಸ್ಮಿತ್ ತನ್ನ ಗ್ರಂಥದಲ್ಲಿ ಹೇಳಿದ್ದಾನೆ. ಕಿಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟು ಮಂಗಳೂರಿನಲ್ಲಿ ಪ್ರಕಟವಾದದ್ದೂ ಅದೇ 1894ರಲ್ಲಿ. ನಮ್ಮ ಶಬ್ದಸಂಪತ್ತನ್ನು ಒಂದೆಡೆ ಕೂಡಿಸಿ ಮುಗಿಸಿದ ವರ್ಷವೇ ಅದರಲ್ಲಿಲ್ಲದ ಶಬ್ದವೊಂದು ದೇಶದ ರೇವಿನಲ್ಲಿ ಇಳಿದಿತ್ತು. ಮುಂದೆ 1920ರಲ್ಲಿ ಹ್ಯಾರಿ ಬಕ್ ಅವರು ಮದರಾಸಿನಲ್ಲಿ ಸ್ಥಾಪಿಸಿದ ವೈ. ಎಂ. ಸಿ. ಎ. ವ್ಯಾಯಾಮ ಶಿಕ್ಷಣ ಶಾಲೆಯು ಇಂಥ ಆಟಗಳನ್ನು ಬಲ್ಲ ಶಿಕ್ಷಕರನ್ನು ತಯಾರಿಸಿತು. ಭಾರತದ ಬಾಸ್ಕೆಟ್‌ಬಾಲ್ ಒಕ್ಕೂಟವು 1950ರಲ್ಲಿ ಸ್ಥಾಪಿತವಾಯಿತು.

ಮುಂಬಯಿಯಲ್ಲಿ ಈ ಆಟದ ಹೆಸರಿನೊಡನೆ ನೆನಪಾಗುವ ಮೊಹಲ್ಲಾ ನಾಗಪಾಡಾ. ಭಾರತ ತಂಡದ ನಾಯಕರಾಗಿದ್ದು 1970ರ ಅರ್ಜುನ ಪ್ರಶಸ್ತಿಯನ್ನು ಪಡೆದ ಗುಲಾಮ್ ಅಬ್ಬಾಸ್ ಮುಂತಸಿರ್ ಅಲ್ಲಿಯವರೇ. ಉರ್ದು, ಹಿಂದಿ, ಮರಾಠಿಗಳು ಬೆರೆತ ಆ ಭಾಗದ ಸಾಮಾನ್ಯ ಜನ ಆಟವನ್ನು ತಮ್ಮದಾಗಿಸಿಕೊಂಡರು. ಹೆಸರನ್ನು ಅನುವಾದಿಸುವ ಗೊಡವೆಗೆ ಮಾತ್ರ ಹೋಗಲಿಲ್ಲ.

ಕನ್ನಡದ ಬರವಣಿಗೆಯಲ್ಲಿ ‘ಬಾಸ್ಕೆಟ್‌ಬಾಲ್’, ‘ಬ್ಯಾಸ್ಕೆಟ್‌ಬಾಲ್’ ಎಂಬ ಎರಡು ರೂಪಗಳಿವೆ. ಮೊದಲನೆಯದು ದಕ್ಷಿಣ ಇಂಗ್ಲೆಂಡಿನ ಉಚ್ಚಾರಕ್ಕೆ ಹತ್ತಿರ, ಎರಡನೆಯದು ಅಮೆರಿಕದ ಉಚ್ಚಾರಕ್ಕೆ. ಕನ್ನಡ ಪತ್ರಿಕೆಗಳಲ್ಲಿ ಎರಡನೆಯದೇ ಹೆಚ್ಚು. ಮರಾಠಿಯ ನೆರೆಯಲ್ಲಿರುವ ನಮಗೆ ಮೊದಲನೆಯದು ಕಿವಿಗೆ ಒಗ್ಗಿದೆ. ಎರಡೂ ಸಾಧುವೇ.

ರೂಪಕ್ಕಿಂತ ಗಮನಾರ್ಹವಾದುದು ವಿಭಕ್ತಿ. ‘ಬಾಸ್ಕೆಟ್‌ಬಾಲಿನಲ್ಲಿ’, ‘ಬಾಸ್ಕೆಟ್‌ಬಾಲಿಗೆ’ ಎಂದು ಅಕ್ಷರ ಬಾರದವರೂ ತಡೆಯಿಲ್ಲದೆ ಹೇಳುತ್ತಾರೆ. ‘ಕಾಲು’, ‘ಹಾಲು’ ಎಂಬ ಅಚ್ಚಕನ್ನಡ ಶಬ್ದಗಳಿಗೆ ಹತ್ತುವ ‘ಇನ್’ ಆಗಮವೇ ಇಲ್ಲಿಯೂ ಹತ್ತುತ್ತದೆ. ‘ಬಾಲದ’ ಎಂದರೆ ಪ್ರಾಣಿಯದು, ‘ಬಾಲಿನ’ ಎಂದರೆ ಚೆಂಡಿನದು ಎಂಬ ವಿವೇಕವನ್ನು ಯಾರೂ ಯಾರಿಗೂ ಕಲಿಸಬೇಕಾಗಿಲ್ಲ. ಇಂಗ್ಲಿಷು ಉಪಪದದಿಂದ ಸಾಧಿಸುವ ಅರ್ಥಭೇದವನ್ನು ಕನ್ನಡವು ದ್ವಿತೀಯಾ ವಿಭಕ್ತಿಯಿಂದ ಸಾಧಿಸುತ್ತದೆ: ‘ಬಾಸ್ಕೆಟ್‌ಬಾಲ್ ಆಡಿದನು’ ಎಂದರೆ ಆಟ, ‘ಬಾಸ್ಕೆಟ್‌ಬಾಲನ್ನು ತಂದನು’ ಎಂದರೆ ಚೆಂಡು. ಶಬ್ದ ಪರಕೀಯವಾದರೂ ಅದನ್ನು ಆಳುತ್ತಿರುವ ವ್ಯಾಕರಣ ನಮ್ಮದು.

5. ಅನುವಾದದ ಪ್ರಶ್ನೆ

ಇದನ್ನು ‘ಬುಟ್ಟಿಚೆಂಡು’ ಎನ್ನಬಾರದೇಕೆ? ಚೆಂಡಿನ ವಿಷಯದಲ್ಲಿ ತೊಡಕಿಲ್ಲ. ‘ಚೆಂಡು’ ನಮಗೂ ಮರಾಠಿಗೂ ಸಮಾನವಾದ ಮಾತು. ತೊಡಕಿರುವುದು ಬುಟ್ಟಿಯಲ್ಲಿ. ಮೊದಲನೆಯದಾಗಿ, ಯಾವ ಬುಟ್ಟಿ? ಕನ್ನಡದಲ್ಲಿ ಬುಟ್ಟಿ, ಪುಟ್ಟಿ, ಕುಕ್ಕೆ, ಮಂಕರಿ, ಹೆಡಿಗೆ ಎಂದು ಗಾತ್ರಕ್ಕೆ, ಹೆಣಿಗೆಗೆ, ಸೀಮೆಗೆ ತಕ್ಕಂತೆ ಬೇರೆ ಬೇರೆ ಹೆಸರುಗಳಿವೆ. ಮುಂಬಯಿಯ ಅನೇಕ ಕನ್ನಡಿಗರ ಮನೆಮಾತಾದ ತುಳುವಿನಲ್ಲಿ ‘ಕುರುವೆ’ ಇದೆ. ಇವೆಲ್ಲವೂ ಧಾನ್ಯ, ಸೊಪ್ಪು, ಮೀನು, ಗೊಬ್ಬರಗಳ ವಾಸನೆಯುಳ್ಳ ಜೀವಂತ ಶಬ್ದಗಳು. ಇಂಗ್ಲಿಷಿನವರು ಮರೆತ ಬುಟ್ಟಿಯನ್ನು ನಾವು ಮತ್ತೆ ಎಬ್ಬಿಸಿದರೆ ಓದುಗನ ಕಣ್ಣಿಗೆ ನಿಜವಾದ ಬುಟ್ಟಿಯೇ ಕಟ್ಟುತ್ತದೆ. ಎರಡನೆಯದಾಗಿ, ‘ಬುಟ್ಟಿಗೆ ಹಾಕಿಕೊಳ್ಳು’ ಎಂಬ ನುಡಿಗಟ್ಟಿಗೆ ಒಬ್ಬನನ್ನು ಮರುಳುಮಾಡಿ ವಶಪಡಿಸಿಕೊಳ್ಳು ಎಂಬ ಅರ್ಥ ಆಗಲೇ ಉಂಟು. ‘ಆಕೆ ಹನ್ನೆರಡನ್ನು ಬುಟ್ಟಿಗೆ ಹಾಕಿಕೊಂಡಳು’ ಎಂದು ವರದಿ ಬಂದರೆ ಓದಿದವರು ನಗುವರು. ಇನ್ನು ‘ಬುಟ್ಟಿಕಂದುಕ’ ಎಂದರೆ ಕೇಶಿರಾಜನು ಒಪ್ಪದ ಅರಿಸಮಾಸವಾಗುವುದು.

ಹಾಗೆಂದು ಅನುವಾದವೇ ಸಲ್ಲದೆಂಬುದು ನನ್ನ ಅಭಿಪ್ರಾಯವಲ್ಲ. ಇದೇ ‘ಬಾಸ್ಕೆಟ್’ ನಾನಿರುವ ವೃತ್ತಿಯಲ್ಲಿಯೂ ಇದೆ. 1974ರಲ್ಲಿ ಅಂತಾರಾಷ್ಟ್ರೀಯ ಹಣಕಾಸು ನಿಧಿಯು ತನ್ನ ವಿಶೇಷ ಹಣದ ಮೌಲ್ಯವನ್ನು ಹದಿನಾರು ದೇಶಗಳ ನಾಣ್ಯಗಳ ‘ಬಾಸ್ಕೆಟ್’ನಿಂದ ನಿರ್ಧರಿಸತೊಡಗಿತು. 1975ರ ಸೆಪ್ಟೆಂಬರಿನಲ್ಲಿ ನಮ್ಮ ರೂಪಾಯಿಯನ್ನೂ ಪೌಂಡಿನಿಂದ ಬಿಡಿಸಿ ಅಂಥದೇ ಒಂದು ಸಮುದಾಯಕ್ಕೆ ಗಂಟುಹಾಕಲಾಯಿತು. ಬೆಲೆಗಳ ಸೂಚ್ಯಂಕವನ್ನು ಲೆಕ್ಕಹಾಕುವಲ್ಲಿಯೂ ಸರಕುಗಳ ‘ಬಾಸ್ಕೆಟ್’ ಉಂಟು. ಇವನ್ನು ‘ನಾಣ್ಯಗಳ ಬುಟ್ಟಿ’, ‘ಸರಕುಗಳ ಬುಟ್ಟಿ’ ಎಂದು ಕನ್ನಡಿಸಿದರೆ ಎಲ್ಲರಿಗೂ ತಿಳಿಯುತ್ತದೆ. ಹಲವನ್ನು ಒಂದರಲ್ಲಿ ಕೂಡಿಸಿಡುವುದೆಂಬ ರೂಪಕ ಇಲ್ಲಿ ಬದುಕಿದೆ. ಬುಟ್ಟಿ ಇಲ್ಲಿ ನಿಜವಾಗಿಯೂ ಹಿಡಿದಿಡುತ್ತದೆ. ಆದರೆ ‘ಬ್ಯಾಂಕ್’ ಎಂಬ ಶಬ್ದವನ್ನೇ ತೆಗೆದುಕೊಂಡರೆ, ಅದು ಇಟಲಿಯ ಹಣ ವಿನಿಮಯದವರು ಕುಳಿತ ಬೆಂಚಿನಿಂದ ಬಂದುದು. ಬೆಂಚು ಹೋಗಿ ಶತಮಾನಗಳಾದುವು. ಬ್ಯಾಂಕನ್ನು ‘ಮಣೆ’ ಎಂದು ಅನುವಾದಿಸಲು ಯಾರೂ ಹೋಗಲಿಲ್ಲ. ‘ಬ್ಯಾಂಕು’ ಎಂದು ಉಕಾರವನ್ನು ಸೇರಿಸಿ ಒಳಗೆ ಕರೆದುಕೊಂಡೆವು. ರೂಪಕ ಜೀವಂತವಾಗಿದ್ದಲ್ಲಿ ಅನುವಾದ, ಸತ್ತಲ್ಲಿ ಸ್ವೀಕಾರ: ಈ ಉದಾಹರಣೆಗಳಿಂದ ಇಷ್ಟನ್ನು ಹೇಳಬಹುದು.

ಇದಕ್ಕೆ ಒಂದು ಬಲವಾದ ಆಕ್ಷೇಪವುಂಟು. ಮಾಟುಂಗಾ, ಧಾರಾವಿಗಳಲ್ಲಿ ನಮ್ಮ ನೆರೆಯವರಾದ ತಮಿಳರು ‘ಕೂಡೈಪ್ಪಂದು’ ಎನ್ನುತ್ತಾರೆ; ಕೂಡೈ ಎಂದರೆ ಬುಟ್ಟಿ, ಪಂದು ಎಂದರೆ ಚೆಂಡು. ಇಟಲಿಯವರ ‘ಪಲ್ಲಕನೆಸ್ತ್ರೊ’, ಸ್ಪೇನಿನವರ ‘ಬಲೊನ್ಸೆಸ್ತೊ’, ಚೀನಿಯರ ‘ಲಾನ್‌ಛ್ಯೂ’ ಎಲ್ಲವೂ ಬುಟ್ಟಿ ಚೆಂಡುಗಳೇ. ಇವು ಚೆನ್ನಾಗಿಯೇ ನಡೆದಿವೆ. ನಿಜ. ಆದರೆ ಅವು ನಡೆದದ್ದು ಪತ್ರಿಕೆ, ಪಾಠಶಾಲೆಗಳ ನಿರಂತರ ಬಳಕೆಯಿಂದ ಅಲ್ಲಿಯ ಬುಟ್ಟಿಯೂ ಮರೆತುಹೋದುದರಿಂದ. ಫ್ರೆಂಚರಾದರೋ ‘ಬಾಸ್ಕೆತ್’ ಎಂದು ಅರ್ಧವನ್ನಷ್ಟೇ ಉಳಿಸಿಕೊಂಡು, ಅದನ್ನು ಬಹುವಚನದಲ್ಲಿ ಆಟದ ಬೂಟುಗಳಿಗೂ ಹೆಸರಾಗಿಸಿದ್ದಾರೆ. ರೂಢಿಯೊಂದೇ ಇಲ್ಲಿ ಪ್ರಮಾಣ. ಕನ್ನಡದ ರೂಢಿ ಸ್ವೀಕಾರದ ಕಡೆಗೆ ವಾಲಿ ಬಹುಕಾಲವಾಯಿತು.

6. ಉಪಸಂಹಾರ

ಹೀಗಿರುವಲ್ಲಿ ನಮ್ಮ ಚಿಂತೆ ಎಲ್ಲಿರಬೇಕು? ನಾಮಪದದಲ್ಲಿ ಅಲ್ಲ, ಕ್ರಿಯಾಪದದಲ್ಲಿ. ಚೆಂಡನ್ನು ‘ಡ್ರಿಬಲ್ ಮಾಡಿ’, ‘ಪಾಸ್ ಮಾಡಿ’, ‘ಬಾಸ್ಕೆಟ್ ಮಾಡಿ’ದೆನೆಂದು ಮಗು ಹೇಳಿದಾಗ ಕನ್ನಡಕ್ಕೆ ಉಳಿದದ್ದು ‘ಮಾಡು’ ಒಂದೇ. ಅದೇ ಮಗುವಿಗೆ ‘ಪುಟಿಸು’, ‘ದಾಟಿಸು’, ‘ಎಸೆ’, ‘ತಡೆ’, ‘ಕಸಿದುಕೊ’, ‘ನೆಗೆ’ ಎಂಬ ಮಾತುಗಳು ತಿಳಿದಿದ್ದರೆ ಇಡೀ ಆಟವನ್ನು ಅದು ಕನ್ನಡದಲ್ಲಿಯೇ ವರ್ಣಿಸೀತು: ‘ಬಾಸ್ಕೆಟ್‌ಬಾಲಿನಲ್ಲಿ ಇವತ್ತು ಚೆಂಡನ್ನು ಪುಟಿಸುತ್ತ ಓಡಿ, ಇಬ್ಬರನ್ನು ತಪ್ಪಿಸಿ, ನೆಗೆದು ಬಳೆಯೊಳಗೆ ಹಾಕಿದೆ.’ ಈ ವಾಕ್ಯದಲ್ಲಿ ಪರಭಾಷೆಯ ಶಬ್ದ ಒಂದೇ, ಕ್ರಿಯೆಯೆಲ್ಲ ಕನ್ನಡದ್ದು. ಕುರ್ಚಿ, ಮೇಜು, ಸಾಬೂನುಗಳು ಬಂದಾಗ ಭಾಷೆ ಬಡವಾಗಲಿಲ್ಲ. ‘ಪುಟಿಸು’ ಎಂಬುದು ಮರೆತರೆ ಆಗುತ್ತದೆ.

ಈ ನಗರದಲ್ಲಿ ಕನ್ನಡ ಮಾಧ್ಯಮದ ಶಾಲೆಗಳು ವಿರಳವಾಗುತ್ತಿವೆ. ಕ್ರಿಯಾಪದಗಳನ್ನು ಕಲಿಸುವ ಹೊಣೆ ಹೆಚ್ಚುಹೆಚ್ಚಾಗಿ ಮನೆಯ ಮೇಲೆ ಬೀಳುತ್ತಿದೆ. ಆಟದಿಂದ ಬಂದ ಮಗುವಿನ ನಾಮಪದವನ್ನು ತಿದ್ದಹೊರಟರೆ ಅದು ಸುಮ್ಮನಾಗುತ್ತದೆ. ಹೇಗೆ ಆಡಿದೆ ಎಂದು ಕೇಳಿದರೆ ಹೇಳತೊಡಗುತ್ತದೆ. ಆ ಹೇಳಿಕೆಯಲ್ಲಿ ತಡವರಿಸಿದೆಡೆ ಒಂದು ಕನ್ನಡದ ಕ್ರಿಯಾಪದವನ್ನು ಒದಗಿಸಿಕೊಡುವುದು, ಹೊಸ ಸಮಾಸವನ್ನು ಟಂಕಿಸುವುದಕ್ಕಿಂತ ನಮ್ಮ ಭಾಷೆಗೆ ಹೆಚ್ಚು ಉಪಕಾರವಾದೀತು.